ಅಟ್ಲಾಸನಿಗೊಂದು ಸಿಂಬೆ

ಕುತ್ತಿಗೆ ನೋವಿನಿಂದ ಒಂದು ಅನುಕೂಲವಿದೆ. ಯಾರು ಏನು ಕೇಳಿದರೂ ತಲೆ ಆಡಿಸುವ ಹಾಗಿಲ್ಲ. ಹೂಂ ಅಂತ ಮೇಲೆ ಕೆಳಗೆ ಆಡಿಸಲು ಆಗದು, ಊಹೂಂ ಅಂತ ಅತ್ತಿತ್ತ ಆಡಿಸಲೂ ಆಗದು. ಒಟ್ಟಿನಲ್ಲಿ ತೀರ್ಮಾನ ಮುಂದಕ್ಕೆ ಹೋಗುತ್ತದೆ. ನನ್ನಂಥ ಸುಸ್ತಾದ ಮನುಷ್ಯನಿಗೆ ಇದಕ್ಕಿಂತ ಒಳ್ಳೆಯ ಕಾಯಿಲೆ ಸಿಗುವುದು ಕಷ್ಟ.

ಮೂವತ್ತೊಂದು ವರ್ಷ ಕ್ಯಾತ್ಸಂದ್ರದಿಂದ ಗುಬ್ಬಿಗೆ ಹೋಗಿ ಬಂದು ಮಾಡಿದ ಹೈಸ್ಕೂಲು ಮೇಷ್ಟ್ರ ಕೆಲಸ ಹೋದ ವರ್ಷ ಮುಗಿಯಿತು. ಇನ್ನು ಆರಾಮಾಗಿರಿ ಸಾರ್ ಎಂದು ಹಾರ ಹಾಕಿ, ಶಾಲು ಹೊದಿಸಿ, ಒಂದು ಗೋಡೆ ಗಡಿಯಾರ ಕೊಟ್ಟು ಕಳಿಸಿದರು. ಆರಾಮ ಬರಲಿಲ್ಲ. ಓಡಾಡುವಾಗ ಹಿಂದೆ ಹಿಂದೆಯೇ ಬರುತ್ತಿದ್ದ ಆಯಾಸವೆಲ್ಲ, ನಾನು ಕೂತ ದಿನ ಬಂದು ಪಕ್ಕದಲ್ಲಿ ಕೂತುಕೊಂಡಿತು. ಬೆಳಿಗ್ಗೆ ಎದ್ದರೆ ಸುಸ್ತು. ಪೇಪರ್ ಓದಿದರೆ ಸುಸ್ತು. ಏನೂ ಮಾಡದೆ ಇದ್ದರೆ ಇನ್ನೂ ಸುಸ್ತು. ಕಡೆಗೆ ಅದು ಕುತ್ತಿಗೆಗೆ ಇಳಿದಾಗ, ಹೇಳಿಕೊಳ್ಳಲು ಒಂದು ಜಾಗವಾದರೂ ಸಿಕ್ಕಿತಲ್ಲ ಎಂದು ಒಳಗೊಳಗೇ ಸಮಾಧಾನವಾಯಿತು.

ತುಮಕೂರಿನಲ್ಲಿ ಫಿಸಿಯೋಥೆರಪಿ ಮಾಡುವ ಹುಡುಗಿಯೊಬ್ಬಳ ಹತ್ತಿರ ಡಾಕ್ಟರು ಕಳಿಸಿದರು. ನನ್ನ ಹಳೇ ವಿದ್ಯಾರ್ಥಿನಿಯರಿಗಿಂತ ಚಿಕ್ಕವಳು. ಎಕ್ಸ್‌ರೇಯನ್ನು ಬೆಳಕಿಗೆ ಹಿಡಿದು ಬೆರಳಿಟ್ಟು ತೋರಿಸಿದಳು.

"ನೋಡಿ ಅಂಕಲ್, ನಿಮ್ಮ ತಲೆ ಪೂರ್ತಿ ಕೂತಿರೋದು ಈ ಮೇಲಿನ ಮೂಳೆ ಮೇಲೆ. ಇದಕ್ಕೆ ಅಟ್ಲಾಸ್ ಅಂತ ಹೆಸರು."

"ಯಾಕೆ ಆ ಹೆಸರು ಅಂತ ಗೊತ್ತೇನಮ್ಮ?"

"ಇಲ್ಲ ಅಂಕಲ್. ಎಕ್ಸಾಮ್‌ಗೆ ಓದಿದ್ದು."

ಮೇಷ್ಟ್ರ ಹತ್ತಿರ ಹೀಗೆ ಹೇಳಿ ತಪ್ಪಿಸಿಕೊಳ್ಳಲು ಸಾಧ್ಯವೇ? ಗ್ರೀಕರ ಪುರಾಣದಲ್ಲಿ ಅಟ್ಲಾಸ್ ಅಂತ ಒಬ್ಬನಿದ್ದ, ದೇವತೆಗಳ ರಾಜ ಜೀಯಸ್‌ನ ವಿರುದ್ಧ ಯುದ್ಧ ಮಾಡಿ ಸೋತ, ಆಕಾಶವನ್ನು ಹೊತ್ತು ನಿಂತಿರು ಎಂದು ಅವನಿಗೆ ಶಿಕ್ಷೆ ಕೊಟ್ಟರು ಎಂದು ನಾನು ಕತೆ ಶುರುಮಾಡಿದೆ. ಹೊರಗೆ ಆರು ಜನ ಕಾಯುತ್ತಿದ್ದರು. ಅವಳು ನಗುನಗುತ್ತಲೇ ನನ್ನನ್ನು ಎಬ್ಬಿಸಿ, "ಮನೇಲಿ ಟವೆಲ್ ಸುತ್ತಿ ಕುತ್ತಿಗೆ ಕೆಳಗೆ ಇಟ್ಕೊಂಡು ಇಪ್ಪತ್ತು ನಿಮಿಷ ಮಲಗಿ ಅಂಕಲ್," ಎಂದು ಕಳಿಸಿಬಿಟ್ಟಳು. ಹೊರಗೆ ಬೇಕಾದಾಗ ಮಾತ್ರ ಹಾಕಿಕೊಳ್ಳಿ ಎಂದು ಒಂದು ಕಾಲರ್ ಪಟ್ಟಿಯನ್ನೂ ಕೊಟ್ಟಳು.

ಮನೆಗೆ ಬಂದು ಟವೆಲ್ ಸುತ್ತಲು ಕೂತೆ. ಅವಳು ಹೇಳಿದ್ದು ಉದ್ದಕ್ಕೆ ಸುತ್ತಲು. ನನ್ನ ಕೈ ನನ್ನನ್ನು ಕೇಳದೆ ಅದನ್ನು ಹುರಿ ಮಾಡಿ, ದುಂಡಗೆ ಬಳಸಿ, ತುದಿಯನ್ನು ಒಳಕ್ಕೆ ಸಿಕ್ಕಿಸಿತು. ನೋಡಿದರೆ ಸಿಂಬೆ! ಇವತ್ತಿನ ಮಕ್ಕಳಿಗೆ ಸಿಂಬೆ ಎಂದರೆ ಗೊತ್ತಾಗುವುದಿಲ್ಲ. ತಲೆಯ ಮೇಲೆ ಹೊರೆಯೋ ಕೊಡವೋ ಗೊಬ್ಬರದ ಮಂಕರಿಯೋ ಇಡುವ ಮೊದಲು, ನೆತ್ತಿ ನೋಯದ ಹಾಗೆ, ಹೊರೆ ಜಾರದ ಹಾಗೆ ಇಟ್ಟುಕೊಳ್ಳುವ ಬಟ್ಟೆಯ ಬಳೆ ಅದು. ನಮ್ಮವ್ವ ಹಳೇ ಸೀರೆಯ ಸೆರಗಿನಲ್ಲಿ ಮಾಡಿಕೊಳ್ಳುತ್ತಿದ್ದಳು. ನಮ್ಮಕ್ಕನಿಗೆ ಕಲಿಸಿದ್ದೂ ಅವಳೇ. ತೀರ ಬಿಗಿಯಾದರೆ ನೆತ್ತಿ ಒತ್ತುತ್ತದೆ, ಸಡಿಲಾದರೆ ಹೊರೆ ಕೂತಲ್ಲಿ ಕೂರುವುದಿಲ್ಲ. ಅಕ್ಕ ಮಾಡಿದ ಸಿಂಬೆಯನ್ನು ನಾನು ಕಿತ್ತುಕೊಂಡು ಕಿರೀಟದ ಹಾಗೆ ಇಟ್ಟುಕೊಂಡು ಹಟ್ಟಿಯೆಲ್ಲ ಮೆರೆಯುತ್ತಿದ್ದೆ. ಹೊರೆಯನ್ನು ಮಾತ್ರ ಅವಳೇ ಹೊರುತ್ತಿದ್ದಳು. ಆಗ ನನಗೆ ಏಳು, ಅವಳಿಗೆ ಹನ್ನೆರಡು.

ಆ ಸಿಂಬೆಯ ಮೇಲೆ ಕುತ್ತಿಗೆ ಇಟ್ಟು ಸೂರು ನೋಡುತ್ತ ಮಲಗಿದಾಗ ನನಗೆ ಅಕ್ಕನ ಫೋನು ನೆನಪಾಯಿತು. ನೆನಪಾಯಿತು ಎನ್ನುವುದು ಸುಳ್ಳು. ಮರೆತಿದ್ದರೆ ತಾನೇ?

ವಿಷಯ ಇಷ್ಟು. ಅಕ್ಕ ಇರುವುದು ಕುಣಿಗಲ್ ತಾಲ್ಲೂಕಿನ ಕೊತ್ತಗೆರೆಯಲ್ಲಿ. ನಮ್ಮವ್ವನೂ ಅಲ್ಲೇ ಇದ್ದಾಳೆ, ಎಂಟು ವರ್ಷದಿಂದ. ಅಕ್ಕನ ಎರಡೂ ಮಂಡಿ ಸವೆದಿವೆ. ಆಪರೇಷನ್‌ಗೆ ಡಾಕ್ಟರು ದಿನ ಕೊಟ್ಟಿದ್ದಾರೆ. ಆಮೇಲೆ ಎರಡು ತಿಂಗಳು ಅವಳು ಇನ್ನೊಬ್ಬರನ್ನು ಎತ್ತುವ ಹಾಗಿಲ್ಲ. "ಎರಡೇ ತಿಂಗ್ಳು ಕಣ್ಲಾ, ಅವ್ವನ್ನ ಕರ್ಕೊಂಡು ಹೋಗ್ತೀಯಾ?" ಎಂದು ಕೇಳಿದ್ದಳು. ಕತ್ತು ಒಂದು ಸ್ವಲ್ಪ ಸರಿಹೋಗಲಿ ಅಕ್ಕ, ನೋಡಿ ಹೇಳ್ತೀನಿ ಎಂದಿದ್ದೆ. ಅದಾಗಿ ಎರಡು ವಾರವಾಗಿತ್ತು.

ನನ್ನ ಹೆಂಡತಿ ವಸಂತನರಸಾಪುರದ ಒಂದು ಕಾರ್ಖಾನೆಯ ಆಫೀಸಿನಲ್ಲಿ ಇನ್ನೂ ಕೆಲಸದಲ್ಲಿದ್ದಾಳೆ. ಅವಳದು ಒಂದೇ ಮಾತು: "ನಾನು ಬೇಡ ಅಂದಿಲ್ಲ. ಆದ್ರೆ ಹಗಲೆಲ್ಲ ಮನೇಲಿರೋರು ನೀವು, ನೋಡ್ಕೊಳ್ಳೋರೂ ನೀವೇ. ನನ್ನ ಹೆಸರು ಹೇಳಿ ತಪ್ಪಿಸ್ಕೋಬೇಡಿ." ಗಂಡಸಿಗೆ ಇರುವ ಹಳೆಯ ಆಸರೆಯೊಂದು ಹೀಗೆ ಕೈತಪ್ಪಿತು. ಉಳಿದದ್ದು ಕುತ್ತಿಗೆ.

ಇರಲಿ, ಗ್ರೀಕರ ವಿಷಯಕ್ಕೆ ಬರುತ್ತೇನೆ. ಗುಬ್ಬಿಯ ಹಳೇ ಪೇಪರ್ ಅಂಗಡಿಯೊಂದರಲ್ಲಿ, ಕೆಲಸಕ್ಕೆ ಸೇರಿದ ಹೊಸದರಲ್ಲಿ, ಮುಂದಿನ ಹಿಂದಿನ ಹಾಳೆಗಳಿಲ್ಲದ ಒಂದು ಪುರಾಣ ಕತೆಗಳ ಪುಸ್ತಕ ಸಿಕ್ಕಿತ್ತು. ಯಾರು ಬರೆದದ್ದೋ ಇವತ್ತಿಗೂ ತಿಳಿಯದು. ಪಾಠದಲ್ಲಿ ಗ್ರೀಕ್ ನಾಗರಿಕತೆ ಎಂದು ಬಂದಾಗಲೆಲ್ಲ ನಾನು ಪಠ್ಯವನ್ನು ಪಕ್ಕಕ್ಕಿಟ್ಟು ಆ ಕತೆಗಳನ್ನು ಹೇಳುತ್ತಿದ್ದೆ. ಹುಡುಗರಿಗೂ ಇಷ್ಟ, ನನಗೂ ಶ್ರಮ ಕಡಿಮೆ. ಜೀಯಸ್ ಮೇಷ್ಟ್ರು ಎಂಬ ಹೆಸರೂ ಬಂತು. ಸಿಡಿಲು ಹಿಡಿದ ದೇವರ ಹೆಸರು, ಸೀಮೆಸುಣ್ಣ ಹಿಡಿದ ನನಗೆ.

ಅಣ್ಣತಮ್ಮಂದಿರು ಮೂವರು ಅಪ್ಪನನ್ನು ಓಡಿಸಿ ಲೋಕವನ್ನು ಚೀಟಿ ಎತ್ತಿ ಹಂಚಿಕೊಂಡ ಕತೆ ಹೇಳಿದರೆ ಗುಬ್ಬಿಯ ಹುಡುಗರಿಗೆ ಒಂದು ಪದವನ್ನೂ ವಿವರಿಸಬೇಕಾಗಿರಲಿಲ್ಲ. ಜೀಯಸ್‌ಗೆ ಆಕಾಶ, ಪೊಸೈಡನ್‌ಗೆ ಸಮುದ್ರ, ಹಿರಿಯವನಾದ ಹೇಡಿಸ್‌ಗೆ ಪಾತಾಳ, ಭೂಮಿ ಮೂವರಿಗೂ ಜಂಟಿ. "ಸಾ, ಜಂಟಿ ಇಟ್ಕೊಂಡ್ರೆ ಜಗಳ ಗ್ಯಾರಂಟಿ ಸಾ," ಎಂದು ಹಿಂದಿನ ಬೆಂಚಿನಿಂದ ಒಬ್ಬ ಹೇಳಿದ್ದ. ಅವನ ಮನೆಯಲ್ಲಿ ಆಗ ತೆಂಗಿನ ತೋಟದ ಭಾಗ ನಡೆಯುತ್ತಿತ್ತಂತೆ.

ಇದೇ ಕತೆಯನ್ನು ಅಕ್ಕನಿಗೆ ಹೇಳಿದಾಗ ಅವಳು ಬೇರೆಯದೇ ಕೇಳಿದಳು. "ಅಕ್ಕತಂಗೀರು ಇರ್ಲಿಲ್ವೇನ್ಲಾ?"

"ಇದ್ರು. ಮೂರು ಜನ."

"ಅವ್ರ ಸೈನು ಆಕ್ಸ್ಕೊಂಡ್ರಾ?"

ನಾನು ಕಾಫಿ ಲೋಟ ಕೆಳಗಿಟ್ಟೆ. ಅಪ್ಪ ತೀರಿದ ಮೇಲೆ, ಆಸ್ತಿಯಲ್ಲಿ ಪಾಲು ಬೇಡವೆಂಬ ಹಕ್ಕು ಖುಲಾಸೆ ಪತ್ರಕ್ಕೆ ಅಕ್ಕ ಸಹಿ ಹಾಕಿದ್ದಳು. ನಾನು ತೋರಿಸಿದ ಕಡೆಯೆಲ್ಲ, ಓದದೆ. ಅವಳು ಕುಟುಕಲು ಕೇಳಿದ್ದಲ್ಲ. ಅವಳಿಗೆ ಕುಟುಕುವುದು ಬರುವುದಿಲ್ಲ. ಅದೇ ಅವಳ ಹತ್ತಿರ ಕಷ್ಟ.

ಅಕ್ಕ ಓದಿದ್ದು ಏಳನೇ ಕ್ಲಾಸು. ಆದರೆ ನಮ್ಮ ನೆಂಟರಿಷ್ಟರಲ್ಲಿ ಯಾವ ಮದುವೆ ಮಾತು ಬಂದರೂ ಮೊದಲು ಫೋನು ಬರುವುದು ಅವಳಿಗೆ. ಜಾತಕಕ್ಕೆ ಬೇರೆಯವರಿದ್ದಾರೆ, ಅಕ್ಕ ನೋಡುವುದು ವಾವೆ. ಅಂದರೆ ಹುಡುಗನಿಗೂ ಹುಡುಗಿಗೂ ಯಾವ ಕಡೆಯಿಂದ ಏನು ಸಂಬಂಧ ಆಗುತ್ತದೆ, ಅತ್ತೆ ಮಾವನ ಮಕ್ಕಳಾದರೆ ಕೂಡುತ್ತದೆ, ಚಿಕ್ಕಪ್ಪ ದೊಡ್ಡಪ್ಪನ ಮಕ್ಕಳಾದರೆ ಅಣ್ಣತಂಗಿ, ಬಾಯಿಬಿಡಬಾರದು. ನಾಲ್ಕು ತಲೆಮಾರಿನ ಲೆಕ್ಕ ಅವಳ ಬಾಯಲ್ಲಿದೆ. ಒಂದು ಸಲ ಕುಣಿಗಲ್‌ನ ಛತ್ರದಲ್ಲಿ, ಹೂ ಮುಡಿಸುವ ಶಾಸ್ತ್ರಕ್ಕೆ ಕೂತಿದ್ದಾಗ, "ತಡೀರಿ, ಈ ಹುಡ್ಗಿ ಅವ್ನಿಗೆ ಚಿಕ್ಕಮ್ಮ ಆಗ್ಬೇಕು," ಎಂದುಬಿಟ್ಟಳು. ಎರಡು ಕಡೆಯವರೂ ಕೂತು ಬೆರಳು ಮಡಿಸಿ ನೋಡಿದರು. ಚಿಕ್ಕಮ್ಮನೇ ಆಗುತ್ತಿದ್ದಳು. ಊಟ ಮಾಡಿ ಎದ್ದರು.

ಇಂಥವಳ ಹತ್ತಿರ ನಾನು ಗ್ರೀಕ್ ದೇವತೆಗಳ ವಂಶವೃಕ್ಷ ತೆಗೆದುಕೊಂಡು ಹೋಗಿದ್ದೆ. ಸ್ಕೂಲಿನ ವಸ್ತುಪ್ರದರ್ಶನಕ್ಕೆ ಒಂದು ಚಾರ್ಟ್ ಮಾಡಿಸಬೇಕಿತ್ತು. ಬರೀ ಗೆರೆ ಎಳೆದರೆ ಯಾರಿಗೂ ತಿಳಿಯದು, ಒಬ್ಬೊಬ್ಬರ ಪಕ್ಕ ಮಾವ, ಅತ್ತೆ, ಚಿಕ್ಕಪ್ಪ ಎಂದು ನಮ್ಮ ಮಾತಿನಲ್ಲೇ ಬರೆಸೋಣ ಎಂಬುದು ನನ್ನ ಘನ ಯೋಜನೆ. ಆ ಹುಚ್ಚು ಯಾವ ದೇಶದ ಮೇಷ್ಟ್ರಿಗೂ ಬಂದಿರಲಾರದು. ಮೊದಲ ಗೆರೆಯಲ್ಲೇ ಎಡವಿದೆ. ಜೀಯಸ್‌ನ ಹೆಂಡತಿ ಹೇರಾ ಅವನ ಸ್ವಂತ ಅಕ್ಕ.

ಅಕ್ಕ ಹೆಸರುಗಳನ್ನೆಲ್ಲ ತನ್ನ ಬಾಯಿಗೆ ಹೊಂದಿಸಿಕೊಂಡಿದ್ದಳು. ಜೀಯಪ್ಪ, ಈರಮ್ಮ. "ಒಡಹುಟ್ಟಿದೋಳ್ನೇ ಮದ್ವೆ ಆಗವ್ನಾ ಜೀಯಪ್ಪ? ಅವ್ರ ಕಡೆ ವಾವೆ ಹೇಳೋರು ಒಬ್ರೂ ದಿಕ್ಕಿರ್ಲಿಲ್ವಾ?" ಎಂದು ತರಕಾರಿ ಹೆಚ್ಚುವುದನ್ನೇ ನಿಲ್ಲಿಸಿದಳು.

"ಅದು ಬಿಡಕ್ಕ, ಇದನ್ನ ಕೇಳು. ಪಾತಾಳದ ಹೇಡಿಸ್ ಪರ್ಸೆಫೊನಿ ಅನ್ನೋ ಹುಡುಗೀನ ಎತ್ಕೊಂಡು ಹೋಗಿ ಮದುವೆ ಆದ. ಅವಳು ಜೀಯಸ್ ಮಗಳು. ತಾಯಿ ಡಿಮಿಟರ್. ಡಿಮಿಟರ್ರೂ ಹೇಡಿಸ್ಸೂ ಅಕ್ಕತಮ್ಮ."

ಅಕ್ಕ ಕಣ್ಣು ಮುಚ್ಚಿದಳು. "ತಾಯಿ ಕಡೆಯಿಂದ ಸ್ವಾದರಮಾವ. ಕೂಡ್ತದೆ." ಬೆರಳು ಮಡಿಸಿದಳು. "ತಂದೆ ಕಡೆಯಿಂದ ದೊಡ್ಡಪ್ಪ. ಕೂಡಲ್ಲ." ಬೆರಳು ಬಿಚ್ಚಿದಳು. ಹೀಗೇ ಎರಡು ಮೂರು ಸಲ ಆಯಿತು. ಆಮೇಲೆ ಕಣ್ಣು ಬಿಟ್ಟು, "ಆ ಮಗೀದು ತಪ್ಪಿಲ್ಲ ಕಣ್ಲಾ. ದೊಡ್ಡೋರು ಮೊದ್ಲು ಹೊಲಿಗೆ ಬಿಚ್ಚವ್ರೆ, ಈಗ ಎಲ್ಲಿ ಹಾಕಿದ್ರೂ ನಿಲ್ಲಲ್ಲ," ಎಂದಳು. ಚಾರ್ಟಿನಲ್ಲಿ ಹೇಡಿಸ್‌ನ ಪಕ್ಕ ಏನೂ ಬರೆಯದೆ ಖಾಲಿ ಬಿಟ್ಟೆವು. ಇನ್‌ಸ್ಪೆಕ್ಟರು ನೋಡಿ, ಇದನ್ನು ಮರೆತಿದ್ದೀರಿ ಎಂದು ಕೆಂಪು ಇಂಕಿನಲ್ಲಿ ಸುತ್ತು ಹಾಕಿ ಹೋದರು.

ಅವ್ವ ಅಕ್ಕನ ಮನೆಗೆ ಹೋದದ್ದು ಹೇಗೆ ಎಂದು ಹೇಳಲಿಲ್ಲ ಅಲ್ಲವೇ? ಹೇಳದೆ ಮುಂದೆ ಹೋಗಬಹುದೇನೋ ಎಂದು ನೋಡುತ್ತಿದ್ದೆ. ಎಂಟು ವರ್ಷದ ಹಿಂದೆ ಅವ್ವ ನನ್ನ ಜೊತೆ ಕ್ಯಾತ್ಸಂದ್ರದಲ್ಲೇ ಇದ್ದಳು, ಹಿಂದಿನ ರೂಮಿನಲ್ಲಿ. ಆ ರೂಮಿನ ಸಿಮೆಂಟು ನೆಲ ಅಲ್ಲಲ್ಲಿ ಕಿತ್ತು ಬಂದಿತ್ತು. ಟೈಲ್ಸ್ ಹಾಕಿಸೋಣ ಎಂದುಕೊಂಡು ಡಬ್ಬಗಳನ್ನು ತಂದು ಇಳಿಸಿಯೂ ಆಯಿತು. ಕೆಲಸ ಮುಗಿಯುವ ತನಕ, ಒಂದು ತಿಂಗಳು ನಿನ್ನ ಹತ್ತಿರ ಇರಲಿ ಅಕ್ಕ ಎಂದು ಅವ್ವನನ್ನು ಕೊತ್ತಗೆರೆಗೆ ಬಿಟ್ಟು ಬಂದೆ.

ಮಗಳ ಮನೆಯಲ್ಲಿ ಅನ್ನ ತಿಂದುಕೊಂಡಿರುವುದೇ ಎಂದು ಅವ್ವ ಮೊದಮೊದಲು ಸಂಕಟಪಟ್ಟಳಂತೆ. ಭಾವ ಮಾತು ಕಡಿಮೆಯ ಮನುಷ್ಯ. "ಇರ್ಲಿ ಬುಡತ್ತೆ, ಇಲ್ಲಿ ರಾಗಿಗೇನು ಬರಾನಾ," ಎಂದರಂತೆ. ಮೊದಲು ಗಾರೆಯವನು ಸಿಗಲಿಲ್ಲ. ಆಮೇಲೆ ಪರೀಕ್ಷೆ ಬಂತು. ಆಮೇಲೆ ಎಲೆಕ್ಷನ್ ಡ್ಯೂಟಿ ಬಂತು. ಆಮೇಲೆ ಅವ್ವ ಅಲ್ಲಿಗೇ ಹೊಂದಿಕೊಂಡಿದ್ದಾಳೆ, ಎಬ್ಬಿಸಿ ತರುವುದು ಯಾಕೆ ಎಂಬ ಮಾತು ಬಂತು. ಅದನ್ನು ಮೊದಲು ಆಡಿದವನು ನಾನೇ. ಈಗ ಅವಳಿಗೆ ತೊಂಬತ್ತರ ಹತ್ತಿರ. ಒಬ್ಬಳೇ ಎದ್ದು ನಿಲ್ಲಲಾಗದು. ಸತ್ತುಹೋದ ಎಮ್ಮೆಗಳ ಹೆಸರು ಕರೆಯುತ್ತಾಳೆ. ನನ್ನನ್ನು ಕೆಲವು ಸಲ ತನ್ನ ತಮ್ಮ ಎಂದುಕೊಳ್ಳುತ್ತಾಳೆ. ತಿಂಗಳಿಗೊಂದು ಭಾನುವಾರ ಕ್ಯಾತ್ಸಂದ್ರದ ತಟ್ಟೆ ಇಡ್ಲಿ ಪಾರ್ಸಲ್ ಕಟ್ಟಿಸಿಕೊಂಡು ಹೋಗಿ, ಅವಳ ಬಾಯಿಗೆ ನಾಲ್ಕು ತುತ್ತು ಇಟ್ಟು, ಅಕ್ಕನಿಗೆ ಒಂದು ಗ್ರೀಕ್ ಕತೆ ಹೇಳಿ, ಸಾಯಂಕಾಲದ ಬಸ್ಸಿಗೆ ನಾನು ವಾಪಸ್ಸು.

ಹೀಗೆ ಹೋದಾಗಲೇ ಒಮ್ಮೆ ಟಿಥೋನಸ್‌ನ ಕತೆ ಹೇಳಿದೆ. ನಮ್ಮ ಉಷೆಯ ಹಾಗೆ ಅವರಿಗೂ ಬೆಳಗಿನ ದೇವಿ ಒಬ್ಬಳಿದ್ದಾಳೆ. ಅವಳು ಮನುಷ್ಯನೊಬ್ಬನನ್ನು ಪ್ರೀತಿಸಿ, ಇವನಿಗೆ ಸಾವು ಬರದಿರಲಿ ಎಂದು ಜೀಯಸ್‌ನ ಹತ್ತಿರ ವರ ಬೇಡಿದಳು. ಮುಪ್ಪು ಬರದಿರಲಿ ಎಂದು ಕೇಳಲು ಮರೆತಳು. ಅವನು ಹಣ್ಣಾದ, ಕುಗ್ಗಿದ, ಕೈಕಾಲು ಅಲ್ಲಾಡದ ಹಾಗಾಯಿತು, ಸಾಯಲಿಲ್ಲ. ಕಡೆಗೆ ಅವನನ್ನು ಒಂದು ಕೋಣೆಯಲ್ಲಿಟ್ಟು ಬಾಗಿಲು ಹಾಕಿದಳು. ಒಳಗಿನಿಂದ ಅವನ ವಟವಟ ಮಾತ್ರ ಕೇಳುತ್ತಿತ್ತು, ಜೀರುಂಡೆಯ ಹಾಗೆ.

"ಬಾಗ್ಲು ಹಾಕ್ಬುಟ್ಲಾ?" ಎಂದಳು ಅಕ್ಕ. ನಾವು ಜಗುಲಿಯ ಮೇಲೆ ಕೂತಿದ್ದೆವು. ಹಿಂದಿನ ಕೋಣೆಯಿಂದ ಅವ್ವನ ಸ್ವರ ಬಂತು: "ಬಾಗ್ಲು ಹಾಕ್ಬ್ಯಾಡ್ರೋ, ಗಾಳಿ ಬರ್ಲಿ." ಅವ್ವ ದಿನವೂ ಆಡುವ ಮಾತೇ ಅದು. ಆ ಮನೆಯಲ್ಲಿ ಅವಳ ಬಾಗಿಲನ್ನು ಯಾರೂ ಹಾಕುವುದಿಲ್ಲ. ಆದರೂ ಅಕ್ಕ ಕುಂಟಿಕೊಂಡು ಎದ್ದು ಹೋಗಿ, ಬಾಗಿಲಿಗೆ ಒಂದು ಇಟ್ಟಿಗೆ ಒತ್ತು ಕೊಟ್ಟು ಬಂದಳು.

ಬಂದು ಕೂತು ಕೇಳಿದಳು. "ಜೀಯಪ್ಪನ ತಾಯಿ ಇದ್ಲಲ್ಲ, ವಯಸ್ಸಾದ್ಮೇಲೆ ಅವ್ಳ್ನ ಯಾರು ನೋಡ್ಕೊಂಡ್ರು?"

ಮೂವತ್ತು ವರ್ಷ ಪಾಠ ಮಾಡಿದ್ದೇನೆ, ಯಾವ ಹುಡುಗನೂ ಇದನ್ನು ಕೇಳಿರಲಿಲ್ಲ. ದೇವತೆಗಳಿಗೆ ವಯಸ್ಸಾಗುವುದಿಲ್ಲ ಅಕ್ಕ ಎಂದೆ.

"ಅದುಕ್ಕೇ ಮತ್ತೆ," ಎಂದಳು. "ಆಸ್ತಿಗೆ ಜಗಳ ಆಡವ್ರೆ, ಹೆಣ್ಣಿಗೆ ಆಡವ್ರೆ, ಮುದ್ಕೀಗೆ ಆಡಿಲ್ಲ. ಅಂಗಿದ್ರೆ ದೇವ್ರಾಗಿರೋದು ಸುಲಭ ಬುಡು."

ಈಗ ಆ ಭಾನುವಾರಕ್ಕೆ ಬರುತ್ತೇನೆ, ಕುತ್ತಿಗೆ ಹಿಡಿದ ಮೇಲಿನದಕ್ಕೆ. ತುಮಕೂರಿನಿಂದ ಕುಣಿಗಲ್ ಬಸ್ಸು ಹತ್ತಿದೆ. ತೊಡೆಯ ಮೇಲೆ ಇಡ್ಲಿ ಪಾರ್ಸಲ್ಲು, ಬ್ಯಾಗಿನಲ್ಲಿ ಕಾಲರ್ ಪಟ್ಟಿ. ದಾರಿಯುದ್ದಕ್ಕೂ ಅದನ್ನು ಹಾಕಿಕೊಂಡಿರಲಿಲ್ಲ, ಸೆಕೆ. ಕುಣಿಗಲ್ ಬಸ್‌ಸ್ಟ್ಯಾಂಡಿನಲ್ಲಿ ಇಳಿದು, ಒಂದು ಕಂಬದ ಮರೆಗೆ ನಿಂತು, ನೀಟಾಗಿ ಹಾಕಿಕೊಂಡೆ. ನಾಟಕದವರು ಪರದೆಯ ಹಿಂದೆ ಮೀಸೆ ಅಂಟಿಸಿಕೊಳ್ಳುತ್ತಾರಲ್ಲ, ಹಾಗೆ. ಈಗ ಬರೆಯುವಾಗ ನಾಚಿಕೆಯಾಗುತ್ತದೆ. ಆಗ ಆಗಲಿಲ್ಲ. ಆಗ ನಾನು ಬಹಳ ದಣಿದಿದ್ದೇನೆ ಎಂದು ನನಗೆ ನಿಜವಾಗಿ ಅನ್ನಿಸಿತ್ತು.

ಅಕ್ಕ ಗೋಡೆ ಹಿಡಿದುಕೊಂಡು ಬಾಗಿಲಿಗೆ ಬಂದಳು. ನನ್ನ ಕತ್ತು ನೋಡಿದಳು. ನಾನು ಬಸ್ಸಿನಲ್ಲಿ ಜೋಡಿಸಿಟ್ಟುಕೊಂಡು ಬಂದಿದ್ದ ಮಾತುಗಳಲ್ಲಿ ಒಂದನ್ನೂ ಆಡಬೇಕಾಗಿ ಬರಲಿಲ್ಲ.

"ಅಯ್ಯಯ್ಯೋ, ಇದೇನ್ಲಾ ಕತ್ತಿಗೆ ಪಟ್ಟಿ! ಇಷ್ಟು ಜೋರಾಗೈತಾ? ಮೊದ್ಲೇ ಹೇಳಿದ್ರೆ ನಾನು ಕೇಳ್ತಾನೇ ಇರ್ಲಿಲ್ಲ. ಹೋಗ್ಲಿ ಬುಡು, ಡಾಕ್ಟ್ರಿಗೆ ಹೇಳಿ ಡೇಟು ಮುಂದುಕ್ಕೆ ಹಾಕ್ಸ್ತೀನಿ. ಹೋದ ಎರಡು ಸಲ ಹಾಕ್ಸಿಲ್ವಾ."

ಮೊದಲ ಸಲ ನನ್ನ ನಿವೃತ್ತಿಯ ಓಡಾಟ. ಎರಡನೇ ಸಲ ಏನೆಂದು ನನಗೆ ನೆನಪೇ ಇಲ್ಲ. ನಾನು ಬಂದ ಕೆಲಸ ಆಯಿತು, ಇನ್ನು ಮನಸ್ಸು ಹಗುರಾಗಬೇಕಿತ್ತು. ಹಗುರಾಗಲಿಲ್ಲ. ನಾನು ನನ್ನ ಹಳೇ ಚಾಳಿಗೆ ಬಿದ್ದೆ. "ಈ ಮೂಳೆ ಹೆಸರೇನು ಗೊತ್ತಾ ಅಕ್ಕ? ಅಟ್ಲಾಸ್ ಅಂತ." ಆಕಾಶ ಹೊತ್ತವನ ಕತೆ ಶುರುವಾಯಿತು. ಅದು ನನ್ನದೇ ಕತೆ, ಹೊತ್ತು ಹೊತ್ತು ಸವೆದವನ ಕತೆ ಎಂಬ ಗತ್ತು ಸ್ವರದಲ್ಲಿತ್ತು.

"ಅವ್ನು ಜೀಯಪ್ಪನಿಗೆ ಏನಾಗ್ಬೇಕು?" ಅಕ್ಕ ಅವ್ವನಿಗೆ ಇಡ್ಲಿ ಹಿಸುಕುತ್ತ ಕೇಳಿದಳು.

"ಇಬ್ಬರ ಅಪ್ಪಂದಿರೂ ಅಣ್ಣತಮ್ಮ. ಜೀಯಸ್ ಅಪ್ಪನೇ ಕಿರಿಯ."

"ಅಂಗಾರೆ ದೊಡ್ಡಪ್ಪನ ಮಗ. ದಾಯಾದಿ ಮೇಲೆ ಹೊರ್ಸವ್ನೆ. ಸರಿ, ಆಮೇಲೆ?"

ಆಮೇಲೆ ಜೀಯಸ್‌ನ ಮಗ ಹರ್ಕ್ಯುಲಿಸ್ ಬರುತ್ತಾನೆ. ಅವನಿಗೆ ಲೋಕದ ಅಂಚಿನ ತೋಟದಿಂದ ಬಂಗಾರದ ಸೇಬು ಬೇಕು. ನೀನು ತಂದುಕೊಡು, ಅಲ್ಲಿಯವರೆಗೆ ಆಕಾಶ ನಾನು ಹಿಡಿದಿರುತ್ತೇನೆ ಎನ್ನುತ್ತಾನೆ. ಅಟ್ಲಾಸ್ ಹೋಗಿ ಹಣ್ಣು ತರುತ್ತಾನೆ. ಎಷ್ಟೋ ಕಾಲದ ಮೇಲೆ ಹೆಗಲು ಹಗುರಾಗಿದೆ, ಅವನಿಗೆ ಮತ್ತೆ ಹೊರುವ ಮನಸ್ಸಿಲ್ಲ. ಹಣ್ಣನ್ನು ನಾನೇ ಹೋಗಿ ತಲುಪಿಸುತ್ತೇನೆ, ನೀನು ಹೀಗೇ ಇರು ಎನ್ನುತ್ತಾನೆ. ಹರ್ಕ್ಯುಲಿಸ್ ಆಗಲಿ ಎನ್ನುತ್ತಾನೆ. "ಆದರೆ ನೆತ್ತಿ ಒತ್ತುತ್ತಿದೆ. ಒಂದು ಗಳಿಗೆ ಇದನ್ನು ಹಿಡಿದುಕೋ, ಸಿಂಬೆ ಸರಿಮಾಡಿಕೊಂಡು ಬಂದುಬಿಡುತ್ತೇನೆ."

"ಹಿಡ್ಕೊಂಡ್ನಾ?"

"ಹಣ್ಣು ಕೆಳಗಿಟ್ಟು ಹಿಡ್ಕೊಂಡ."

"ಅವ್ನು ಸಿಂಬೆ ಮಾಡ್ಕೊಂಡು ವಾಪಸ್ ಬಂದ್ನಾ?"

ನಾನು ಬಾಯಿ ತೆರೆದೆ. ಮೂವತ್ತು ವರ್ಷದಲ್ಲಿ ಎಷ್ಟು ಕ್ಲಾಸುಗಳಿಗೆ ಈ ಕತೆ ಹೇಳಿದ್ದೇನೋ. ಪ್ರತಿ ಸಲವೂ ಇಲ್ಲಿ ಹುಡುಗರು ನಗುತ್ತಿದ್ದರು, ನಾನೂ ನಗುತ್ತಿದ್ದೆ. ಎದುರಿಗೆ ಅಕ್ಕ ಸವೆದ ಮಂಡಿ ಮಡಿಸಲಾಗದೆ ಕಾಲು ಚಾಚಿ ಕೂತು, ಅವ್ವನ ತಲೆಯನ್ನು ಎಡಗೈಯಲ್ಲಿ ಎತ್ತಿ ಹಿಡಿದು, ಬಲಗೈಯಲ್ಲಿ ಉಣಿಸುತ್ತಿದ್ದಳು. ಅವಳ ಪಕ್ಕ ನಾನು ತಂದ ಇಡ್ಲಿ ಪಾರ್ಸಲ್ಲು. ಕತ್ತಿಗೆ ಪಟ್ಟಿ ಹಾಕಿಕೊಂಡು ಎದುರು ಕೂತ ನಾನು ಅಟ್ಲಾಸ್ ಅಲ್ಲ. ರೂಮಿಗೆ ಟೈಲ್ಸ್ ಹಾಕಿಸಿ ಒಂದು ತಿಂಗಳಿಗೆ ಬಂದುಬಿಡುತ್ತೇನೆ ಎಂದು ಎಂಟು ವರ್ಷದ ಹಿಂದೆ ಹೋದವನು ನಾನು.

"ಇಲ್ಲ," ಎಂದೆ. "ಬರಲಿಲ್ಲ. ಹಣ್ಣು ಎತ್ಕೊಂಡು ಹೊರಟುಹೋದ."

"ಅಯ್ಯೋ, ದೊಡ್ಡಪ್ಪ ಆಗ್ಬೇಕು ಅವ್ನಿಗೆ," ಎಂದಳು ಅಕ್ಕ, ಅವ್ವನ ಬಾಯಿ ಒರೆಸುತ್ತ. ಕುಟುಕು ಇರಲಿಲ್ಲ. ವಾವೆ ಹೇಳಿದಳು ಅಷ್ಟೆ.

"ಆ ದೊಡ್ಡಪ್ಪ ಪೆದ್ದ. ನಂಬಿದ."

"ನಂಬಿರಾಕಿಲ್ಲ ಕಣ್ಲಾ. ಅವ್ನಿಗೂ ಗೊತ್ತಿರ್ತದೆ. ಹೊತ್ತು ಅಭ್ಯಾಸ ಆದೋನಿಗೆ ಬ್ಯಾರೆಯೋರು ಹೊತ್ತಿರೋದು ನೋಡಿದ್ರೆ ಕೈ ಸುಮ್ನಿರಲ್ಲ. ಎಲ್ಲಿ ಬೀಳಿಸ್ಬುಡ್ತಾನೋ ಅಂತ ತಾನೇ ಹಿಡ್ಕೋತಾನೆ."

ನಾನು ಕತ್ತಿನ ಪಟ್ಟಿ ಬಿಚ್ಚಿದೆ. ಅದರ ಅಂಟುಪಟ್ಟಿ ಬಿಚ್ಚಿದ ಶಬ್ದ ಆ ಮನೆಯಲ್ಲಿ ಬಹಳ ಜೋರಾಗಿ ಕೇಳಿತು. ಡೇಟು ಮುಂದಕ್ಕೆ ಹಾಕಿಸಬೇಡ ಅಕ್ಕ, ಬುಧವಾರ ಕಾರು ತರುತ್ತೇನೆ ಎಂದೆ. ಅವಳು ನನ್ನ ಮುಖ ನೋಡಿದಳು, ಕತ್ತು ನೋಡಿದಳು. "ಅಂಗಾರೆ ಎತ್ತೋದು ಕಲ್ತುಕೋ," ಎಂದಳು.

ಅವ್ವನನ್ನು ಎತ್ತಲು ಹೋದೆ. ಮೂವತ್ತೈದು ಕೆಜಿಯೂ ಇಲ್ಲದ ಜೀವ. "ಅಂಗಲ್ಲ, ರಟ್ಟೆ ಹಿಡಿದು ಎಳೀಬ್ಯಾಡ. ಕಂಕುಳ ಕೆಳಿಕ್ಕೆ ಕೈ ಹಾಕು. ಅವ್ಳ ಗಲ್ಲ ನಿನ್ನ ಹೆಗಲ ಮ್ಯಾಲೆ ಬರ್ಲಿ," ಎನ್ನುತ್ತ ಅಕ್ಕ ಎರಡು ಸಲ ನನ್ನ ಕೈ ಸರಿಸಿ ತನ್ನ ಕೈ ಹಾಕಿದಳು. ಮೂರನೇ ಸಲ ಬಂತು. ಕುತ್ತಿಗೆ ಚಳಕ್ಕೆಂದಿತು. ನೋವು ಸುಳ್ಳಲ್ಲ, ಅದು ಇದ್ದೇ ಇದೆ. ಅವ್ವ ನನ್ನ ಕಿವಿಯ ಹತ್ತಿರ, "ಯಾವಾಗ ಬಂದ್ಯಪ್ಪ?" ಎಂದಳು. ಯಾರೆಂದುಕೊಂಡು ಕೇಳಿದಳೋ. ಈಗ ಬಂದೆ ಅವ್ವ ಎಂದೆ. ನನಗೆ ಅಳು ಬಂತು, ಅಕ್ಕನಿಗೆ ಕಾಣದ ಹಾಗೆ ಅವ್ವನ ಹೆಗಲಿಗೆ ಮುಖ ಇಟ್ಟುಕೊಂಡೆ.

ಮನೆಗೆ ಬಂದು ಹಿಂದಿನ ರೂಮಿನ ಬಾಗಿಲು ತೆಗೆದೆ. ಗೋಡೆಗೆ ಒರಗಿಸಿದ ಟೈಲ್ಸ್ ಡಬ್ಬಗಳು, ಅವುಗಳ ಮೇಲೆ ಹಳೇ ಪ್ರಶ್ನೆಪತ್ರಿಕೆಗಳ ಕಟ್ಟು, ಅದರ ಮೇಲೆ ಹಾರ ಹಾಕಿದವರು ಕೊಟ್ಟ ಗಡಿಯಾರ, ಇನ್ನೂ ಡಬ್ಬಿಯಲ್ಲೇ. ಸುರುಳಿ ಸುತ್ತಿದ ಗ್ರೀಕರ ಚಾರ್ಟೂ ಅಲ್ಲೇ ಇತ್ತು. ಎರಡು ದಿನ ಗುಡಿಸಿ ತೊಳೆದೆ. ಹೆಂಡತಿ ಹೊಸ ಬೆಡ್‌ಶೀಟು ತಂದು ಹಾಸಿದಳು. ಕಿತ್ತ ನೆಲ ಕಿತ್ತ ಹಾಗೇ ಇತ್ತು.

ಬುಧವಾರ ಅವ್ವನನ್ನು ಕಾರಿನ ಹಿಂದಿನ ಸೀಟಿಗೆ ತಂದು ಕೂರಿಸಿದ್ದು ನಾನೇ. ಭಾವ ಬಟ್ಟೆಯ ಗಂಟು, ರಾಗಿ ಹಿಟ್ಟಿನ ಡಬ್ಬ ಇಟ್ಟರು. ನಾನು ಅವ್ವನನ್ನು ಒರಗಿಸಿಕೊಂಡು ಕೂತೆ. ಡ್ರೈವರ್ ಗಾಡಿ ಸ್ಟಾರ್ಟ್ ಮಾಡಿದ. ಅಕ್ಕ ಕೈ ಅಡ್ಡ ಹಿಡಿದಳು.

"ಒಂದ್ ಗಳಿಗೆ ಇರಿ, ಬಂದೆ," ಎಂದು ಒಳಗೆ ಹೋದಳು.

ಕುಂಟುತ್ತ ಹೋದವಳು ಹೊರಗೆ ಬರಲು ತಡವಾಯಿತು. ಅವ್ವನ ತಲೆ ನನ್ನ ಹೆಗಲ ಮೇಲೆ ಭಾರವಾಗುತ್ತ ಹೋಯಿತು. ಈ ಮಾತು ಹೇಳಿ ಒಳಗೆ ಹೋದವಳು ಬರದಿದ್ದರೂ ನಾನು ಕೇಳುವ ಹಾಗಿರಲಿಲ್ಲ. ಎಂಟು ವರ್ಷ ಬರದಿದ್ದರೂ.

ಅಕ್ಕ ಬಂದಳು. ಕೈಯಲ್ಲಿ ಹಳೇ ಸೀರೆಯ ಸಿಂಬೆ. ಕಾರಿನೊಳಗೆ ಬಗ್ಗಿ ಅವ್ವನ ಕುತ್ತಿಗೆಯ ಹಿಂದೆ ಅದನ್ನು ಕೂರಿಸಿ, ಅ‌ಲ್ಲಾಡಿಸಿ ನೋಡಿ, "ರೋಡು ಸರಿಯಿಲ್ಲ, ಕತ್ತು ಅಲ್ಲಾಡ್ತದೆ," ಎಂದಳು. ಆಮೇಲೆ, ಬಹಳ ದಿನದಿಂದ ಕೇಳಬೇಕೆಂದು ಮರೆತಿದ್ದವಳ ಹಾಗೆ, "ಅಲ್ಲ ಕಣ್ಲಾ, ರೂಮಿಗೆ ಟೈಲ್ಸ್ ಹಾಕ್ಸಿದ್ಯಾ?" ಎಂದಳು.

ಹಾಕಿಸುತ್ತೇನೆ ಎಂಬ ಮಾತು ಬಾಯಿಗೆ ಬಂತು. ತಡೆದುಕೊಂಡೆ.

"ಇಲ್ಲ ಕಣಕ್ಕ. ಹಾಕ್ಸಲೇ ಇಲ್ಲ."

ಅಕ್ಕ ಕಾರಿನ ಬಾಗಿಲು ಮುಚ್ಚಿ, ಭದ್ರವಾಯಿತೇ ಎಂದು ಒಮ್ಮೆ ತಳ್ಳಿ ನೋಡಿದಳು.

"ಒಳ್ಳೇದೇ ಆಯ್ತು ಬುಡು," ಎಂದಳು. "ಟೈಲ್ಸ್ ಮ್ಯಾಲೆ ಅವ್ವ ಜಾರ್ತಾಳೆ."